ರೊಸೆಂದೊ ಬಿಟ್ಟುಹೋದ ಪಲ್ಲವಿ

ಕಡಲಾಚೆಯ ಸುವಾನಿ ಎಂಬ ಊರಿನ ಕನ್ನಡಿಗರ ನಡುವೆ ವೇಣುಗೋಪಾಲ ಎದ್ದು ಕಾಣುವ ಆಸಾಮಿಯೇನಲ್ಲ. ಬ್ಯಾಂಕೊಂದರ ಸಾಫ್ಟ್‌ವೇರಿನಲ್ಲಿ ತಪ್ಪು ಹುಡುಕುವುದು ಅವನ ಉದ್ಯೋಗ, ಮನೆಯಲ್ಲಿ ತನ್ನ ತಪ್ಪು ಒಪ್ಪಿಕೊಳ್ಳುವುದು ಉಪೋದ್ಯೋಗ. ಯುಗಾದಿ ಕಾರ್ಯಕ್ರಮದಲ್ಲಿ ಕುರ್ಚಿ ಜೋಡಿಸುವಾಗ ಎಲ್ಲರಿಗೂ ನೆನಪಾಗುತ್ತಾನೆ, ಫೋಟೋ ತೆಗೆಯುವಾಗ ಯಾರಿಗೂ ನೆನಪಾಗುವುದಿಲ್ಲ. ಆದರೆ ಇದೇ ಮನುಷ್ಯ ಒಂದು ಕಾಲಕ್ಕೆ ಮೈಸೂರಿನ ಅಗ್ರಹಾರದಲ್ಲಿ ಅಭಿಮಾನಿ ಸಂಘದ ಅಧ್ಯಕ್ಷನಾಗಿ ಮೆರೆದವನು. ಯಾವ ನಟನ ಸಂಘ ಎಂದು ನಾನು ಹೇಳುವುದಿಲ್ಲ. ಹೇಳಿದರೆ ಉಳಿದ ನಟರ ಅಭಿಮಾನಿಗಳು ಇಲ್ಲಿಗೇ ಪುಟ ಮಡಚಿಡುತ್ತಾರೆ.

ಹೊಸ ಚಿತ್ರ ಬರುವ ಹಿಂದಿನ ದಿನ ಚಿತ್ರಮಂದಿರದ ಮುಂದೆ ಬಣ್ಣದ ಕಾಗದದ ಸ್ಟಾರ್ ಕಟ್ಟಿಸುವುದು, ಮರದ ಕಟೌಟಿಗೆ ಹಗ್ಗ ಹಾಕಿ ಆಳೆತ್ತರದ ಹಾರ ಏರಿಸುವುದು, ಬೂದುಗುಂಬಳ ಒಡೆದು ದೃಷ್ಟಿ ತೆಗೆಯುವುದು, ಎಲ್ಲಕ್ಕೂ ಅವನೇ ಮುಂದಾಳು. ತನ್ನ ಮದುವೆಯ ದಿನವೂ ಬೆಳಗಿನ ಆಟ ನೋಡಿಕೊಂಡೇ ಮಂಟಪಕ್ಕೆ ಬಂದ. ತೆರೆಯ ಮೇಲೆ ನಾಯಕ ಕಾಣಿಸಿಕೊಂಡಾಗ ಎರಚಿದ ಕಾಗದದ ಚೂರುಗಳು ಅವನ ತಲೆಯಲ್ಲೇ ಇದ್ದವು. ಮದುಮಗಳು ನೀರಜಾ ಅದನ್ನು ಅಕ್ಷತೆ ಎಂದುಕೊಂಡಳು. ತನಗಿಂತ ಮೊದಲು ಇವನ ಮೇಲೆ ಅಕ್ಷತೆ ಹಾಕಿದವರು ಯಾರು ಎಂಬ ಅವಳ ಪ್ರಶ್ನೆಗೆ ಸಿಕ್ಕ ಉತ್ತರವನ್ನು ಅವಳು ಇಂದಿಗೂ ಪ್ರತಿ ಗೆಟ್‌ಟುಗೆದರ್‌ನಲ್ಲಿ ಹೇಳಿ ಜನರನ್ನು ನಗಿಸುತ್ತಾಳೆ.

ಅವರ ಒಬ್ಬಳೇ ಮಗಳು ನಿಧಿ ಫಿಸಿಕಲ್ ಥೆರಪಿಸ್ಟ್. ಅವಳು ಮೆಚ್ಚಿದ ಹುಡುಗ ಮಾತೆಯೊ, ಸೇತುವೆ ಕಟ್ಟುವ ಕಂಪನಿಯಲ್ಲಿ ಎಂಜಿನಿಯರ್, ಮೆಕ್ಸಿಕೊ ಮೂಲದವನು. ಮೊದಲ ಸಲ ಮನೆಗೆ ಬಂದಾಗ ಹೋಳಿಗೆಯನ್ನು ಕೇಳಿ ಹಾಕಿಸಿಕೊಂಡು, ತಿಂದ ತಟ್ಟೆಯನ್ನು ತಾನೇ ತೊಳೆದಿಟ್ಟಿದ್ದ. ನೀರಜಾಳ ಮಟ್ಟಿಗೆ ವರಪರೀಕ್ಷೆ ಅಲ್ಲಿಗೇ ಮುಗಿದಿತ್ತು. ಅವನ ಎಳವೆಯಲ್ಲೇ ತಾಯಿ ತೀರಿಕೊಂಡಿದ್ದರಿಂದ ಅವನನ್ನು ಸಾಕಿ ಬೆಳೆಸಿದ್ದು ಅಜ್ಜಿ ಎಲ್ವಿರಾ. ಆ ಹಿರಿಯ ಜೀವವನ್ನು ಕಂಡು ಮಾತಾಡಿ ಬರೋಣವೆಂದು ನವೆಂಬರಿನ ಮೊದಲ ವಾರ ಮೂವರೂ ಹತ್ತಿರದ ನಾರ್ಕ್ರಾಸ್ ಊರಿಗೆ ಹೊರಟರು.

ತೀರಿಕೊಂಡವರನ್ನು ನೆನೆಯುವ ಮೆಕ್ಸಿಕೊದ ಹಬ್ಬಕ್ಕೆಂದು ಅಜ್ಜಿಯ ಮನೆಯ ಹಾಲ್‌ನಲ್ಲಿ ಮೆಟ್ಟಿಲುಮೆಟ್ಟಿಲಾಗಿ ಬಟ್ಟೆ ಹಾಸಿ, ರಾಶಿ ರಾಶಿ ಚೆಂಡುಹೂ ಇಟ್ಟಿದ್ದರು. ಮೇಣದ ಬತ್ತಿಗಳು ಉರಿಯುತ್ತಿದ್ದವು. ಹಣ್ಣು, ಬ್ರೆಡ್ಡು, ಒಂದು ಲೋಟ ನೀರು, ಬಟ್ಟಲಲ್ಲಿ ಉಪ್ಪು. ನಡುವೆ ಕಿಟಕಿಯಷ್ಟು ದೊಡ್ಡ ಫೋಟೋ: ಅಗಲ ಟೋಪಿ, ಹುರಿ ಮೀಸೆ, ನಗುವ ಕಣ್ಣು, ಸುತ್ತ ಚೆಂಡುಹೂವಿನ ಹಾರ. ವೇಣುಗೋಪಾಲನಿಗೆ ಯಾರೂ ಏನೂ ಹೇಳಬೇಕಾಗಲಿಲ್ಲ. ಮಹಾಲಯ ಅಮಾವಾಸ್ಯೆಯ ಎಡೆಯನ್ನು ನೋಡುತ್ತ ಬೆಳೆದವನು ಅವನು. ಹಾರ ಹಾಕಿದ ಫೋಟೋ ಅಂದರೆ ಮನೆಯ ಯಜಮಾನ. ಶೂ ಬಿಚ್ಚಿಟ್ಟು, ಬೋಳು ನೆಲದ ಮೇಲೆ ಉದ್ದಕ್ಕೆ ನಮಸ್ಕಾರ ಮಾಡಿ, ಎದ್ದು, ಕೆನ್ನೆ ಮುಟ್ಟಿಕೊಂಡ.

"ನಿಧಿ, ಅಜ್ಜಿಗೆ ಹೇಳು. ಮಾತೆಯೊಗೆ ಥೇಟ್ ತಾತಂದೇ ಮೂಗು ಬಂದಿದೆ ಅಂತ."

ನಿಧಿ ನೆಲ ನೋಡಿದಳು. "ಅಪ್ಪ, ಅದು ತಾತ ಅಲ್ಲ. ಅದು ಮೂವಿ ಸ್ಟಾರ್."

"ಮತ್ತೆ ತಾತ ಎಲ್ಲಿ?"

ಮಾತೆಯೊ ಬ್ರೆಡ್ಡಿನ ರಾಶಿಯನ್ನು ಸ್ವಲ್ಪ ಸರಿಸಿ, ಹಿಂದಿದ್ದ ಅಂಗೈಯಗಲದ ಫೋಟೋ ತೋರಿಸಿದ. ನೀರಜಾ ಚಾವಣಿ ನೋಡುತ್ತ ನಿಂತಳು. ಸಂಬಂಧ ಇಲ್ಲಿಗೆ ಮುರಿಯಿತು ಎಂದೇ ಅವಳು ಅಂದುಕೊಂಡಳು. ನಡೆದದ್ದು ಸ್ಪ್ಯಾನಿಷ್‌ನಲ್ಲಿ ತಿಳಿಯುವುದಕ್ಕೆ ಅಜ್ಜಿಗೆ ಒಂದು ಗಳಿಗೆ ಹಿಡಿಯಿತು. ತಿಳಿದ ಮೇಲೆ ಸೋಫಾ ಹಿಡಿದುಕೊಂಡು ನಕ್ಕಳು, ಕಣ್ಣೊರೆಸಿಕೊಂಡು ಮತ್ತೆ ನಕ್ಕಳು. ಆಮೇಲೆ ನಟನ ಪಾಲಿನ ಬ್ರೆಡ್ಡನ್ನೇ ಎತ್ತಿ ವೇಣುಗೋಪಾಲನ ಕೈಗಿಟ್ಟಳು. ಅರವತ್ತು ವರ್ಷಗಳಲ್ಲಿ ಮನೆಗೆ ಬಂದವರೆಲ್ಲ ಆ ಫೋಟೋ ನೋಡಿ ನಕ್ಕವರೇ, ಅಡ್ಡ ಬಿದ್ದವನು ಇವನೊಬ್ಬನೇ.

ಆ ಮಧ್ಯಾಹ್ನ ಎಲ್ವಿರಾ ಫೋಟೋದಲ್ಲಿದ್ದ ನಟ ರೊಸೆಂದೊ ಮೊಂತಾಲ್ವೊನ ಕಥೆ ಹೇಳಿದಳು, ಸ್ಪ್ಯಾನಿಷ್ ಕಲಿತಿದ್ದ ನಿಧಿ ತನಗೆ ಬಂದ ಕನ್ನಡದಲ್ಲಿ ಅಪ್ಪನಿಗೆ ದಾಟಿಸಿದಳು. ರೊಸೆಂದೊ ಬೇಕರಿಯ ಹುಡುಗ. ತಲೆಯ ಮೇಲೆ ಬ್ರೆಡ್ಡಿನ ಬುಟ್ಟಿ ಹೊತ್ತು ಸೈಕಲ್ ತುಳಿಯುತ್ತ, ಬೀದಿಗೆ ಬ್ರೆಡ್ಡು ಬಂತೆಂದು ತಿಳಿಸಲು ಹಾಡುತ್ತಿದ್ದ. ಹಾಡು ಕೇಳಿ ರೇಡಿಯೊದವರು ಕರೆದರು, ರೇಡಿಯೊ ಕೇಳಿ ಸಿನಿಮಾದವರು ಕರೆದರು. ಲಾರಿ ಡ್ರೈವರ್ ಆದ, ಪಾದ್ರಿಯಾದ, ಒಳ್ಳೆಯ ಕಳ್ಳನಾದ. ಯಾವ ಪಾತ್ರವಾದರೂ ಸರಿ, ನಡುವೆ ಎಲ್ಲೋ ಒಂದು ಕಡೆ ಕುದುರೆ ಹತ್ತಿ ಹಾಡಲೇಬೇಕು. ಪಾದ್ರಿಯ ಪಾತ್ರದಲ್ಲಿ ಕುದುರೆ ಇಲ್ಲವೆಂದು ಜನ ಚಿತ್ರಮಂದಿರದ ಕುರ್ಚಿ ಮುರಿದರಂತೆ. ನಿರ್ಮಾಪಕ ಮರುವಾರವೇ ಪಾದ್ರಿಯನ್ನು ಕುದುರೆ ಹತ್ತಿಸಿದನಂತೆ.

"ಕರೆಕ್ಟಾಗೇ ಮಾಡಿದಾರೆ," ಎಂದ ವೇಣುಗೋಪಾಲ. "ಹೀರೋ ಬೇರೆ, ಪಾತ್ರ ಬೇರೆ ಅನ್ನೋನು ಹೀರೋನೂ ನೋಡಿಲ್ಲ, ಪಾತ್ರನೂ ನೋಡಿಲ್ಲ."

ಎಷ್ಟು ದುಡ್ಡು ಬಂದರೂ ಹುಟ್ಟುಹಬ್ಬದ ದಿನ ರೊಸೆಂದೊ ಹಳೆಯ ಸೈಕಲ್ ಹತ್ತಿ ತನ್ನ ಬೀದಿಯಲ್ಲಿ ತಾನೇ ಬ್ರೆಡ್ಡು ಹಂಚುತ್ತಿದ್ದ. ಎಲ್ವಿರಾ ತನ್ನ ಮಗನಿಗೆ, ಅಂದರೆ ಮಾತೆಯೊನ ಅಪ್ಪನಿಗೆ, ಇಟ್ಟಿದ್ದೂ ಅದೇ ಹೆಸರು. ಆ ನಟ ಹೇಗೆ ತೀರಿಕೊಂಡ ಎಂದು ವೇಣುಗೋಪಾಲ ಕೇಳಿದಾಗ ಮಾತ್ರ ಅವಳು ಬ್ರೆಡ್ಡಿನ ತಟ್ಟೆಯನ್ನು ಅವನ ಕಡೆ ಸರಿಸಿದಳು. ಹೊರಡುವಾಗ ನೀರಜಾ ಗಿಳಿಹಸಿರು ಬಣ್ಣದ ಮೈಸೂರು ರೇಷ್ಮೆ ಸೀರೆಯೊಂದನ್ನು ಅರಿಶಿನ ಕುಂಕುಮದ ಜೊತೆ ಅಜ್ಜಿಯ ಕೈಗಿಟ್ಟಳು.

ಮದುವೆಯ ದಿನ ಗೊತ್ತುಮಾಡಿದ್ದು ವೇಣುಗೋಪಾಲನೇ. ದತ್ತಾತ್ರೇಯ ಭಟ್ಟರು ಪಂಚಾಂಗ ನೋಡಿ ಮೇ ಹದಿನೆಂಟು, ಭಾನುವಾರ ಎಂದರು. ಹಾಲ್ ಸಿಕ್ಕಿತು, ಬೆಂಗಳೂರಿನಿಂದ ನೀರಜಾಳ ತಾಯಿ ಮತ್ತು ಅಣ್ಣನ ಟಿಕೆಟ್ ಆಯಿತು, ಪತ್ರಿಕೆ ಎರಡು ಭಾಷೆಗಳಲ್ಲಿ ಅಚ್ಚಾಯಿತು. ಪತ್ರಿಕೆ ನಾರ್ಕ್ರಾಸ್ ಮುಟ್ಟಿದ ಮರುದಿನ ಮಾತೆಯೊ ಸುವಾನಿಗೆ ಬಂದು, ಕೊಟ್ಟ ಕಾಫಿಯನ್ನು ಕುಡಿಯದೆ ಕೂತ. ಅಜ್ಜಿಗೆ ಮಂಡಿ ನೋವಂತೆ, ಮದುವೆಗೆ ಬರಲಾಗುವುದಿಲ್ಲವಂತೆ.

"ಮದುವೆಗೆ ಇನ್ನೂ ಎರಡು ತಿಂಗಳಿದೆ," ಎಂದಳು ನೀರಜಾ. "ಅಲ್ಲಿವರೆಗೂ ಮಂಡಿ ನೋಯುತ್ತೆ ಅಂತ ಈಗಲೇ ಹೇಗೆ ಗೊತ್ತಾಯ್ತು?"

ಹುಡುಗ ಸುಳ್ಳು ಹೇಳುವುದರಲ್ಲಿ ಹಿಂದುಳಿದವನು. ನಿಜ ಹೊರಗೆ ಬಂತು. ಮೇ ಹದಿನೆಂಟು ನಟ ರೊಸೆಂದೊ ಸತ್ತ ದಿನ. ಮೊಮ್ಮಗನ ಮದುವೆಗಾದರೂ ಅಜ್ಜಿ ಮನಸ್ಸು ಸಡಿಲಿಸಿಯಾಳೆಂದು ಅವನು ಅಲ್ಲಿಯವರೆಗೆ ಬಾಯಿ ಬಿಟ್ಟಿರಲಿಲ್ಲ. ಅವತ್ತು ಅಜ್ಜಿ ಕಪ್ಪು ಉಡುತ್ತಾಳೆ, ಬೆಳಗಿನಿಂದ ರೇಡಿಯೊ ಮುಟ್ಟುವುದಿಲ್ಲ, ಯಾರ ಬಾಯಲ್ಲೂ ಹಾಡು ಕೇಳುವುದಿಲ್ಲ, ವಾದ್ಯ ಇರುವ ಕಡೆ ಕಾಲಿಡುವುದಿಲ್ಲ. ಸ್ವಂತ ಮಗನ ಮದುವೆಯನ್ನೂ ಆ ದಿನ ತಪ್ಪಿಸಿಯೇ ಇಟ್ಟಿದ್ದಳಂತೆ. ಮಾತೆಯೊ ಕೊನೆಗೆ ಇಂಗ್ಲಿಷಿನಲ್ಲಿ ಮೆಲ್ಲಗೆ ಹೇಳಿದ ಮಾತು ಒಂದೇ: ನನ್ನ ಕೈ ಹಿಡಿದು ಶಾಲೆಗೆ ಕಳಿಸಿದವಳು ಅವಳು, ಅವಳಿಲ್ಲದೆ ನಾನು ಮಂಟಪದಲ್ಲಿ ನಿಲ್ಲಲಾರೆ.

ದಿನ ಬದಲಿಸೋಣ ಎಂದರೆ ಹಾಲ್‌ನವರು ಡಿಸೆಂಬರ್‌ವರೆಗೆ ಒಂದು ಭಾನುವಾರವೂ ಇಲ್ಲ ಎಂದರು. ನೀರಜಾಳ ತಾಯಿಗೆ ಎಂಬತ್ತಮೂರು. ಇನ್ನೊಂದು ಸಲ ಅಷ್ಟು ದೂರ ಬರುವ ಶಕ್ತಿ ಅವರಲ್ಲಿರಲಿಲ್ಲ. ಒಬ್ಬ ಅಜ್ಜಿ ಬರಬೇಕಾದರೆ ಇನ್ನೊಬ್ಬ ಅಜ್ಜಿ ತಪ್ಪಬೇಕು. ನಿಧಿ ತನ್ನ ರೂಮಿನ ಬಾಗಿಲು ಹಾಕಿಕೊಂಡಳು. ಅವಳು ಅಳುವುದು ಕೆಳಗೆ ಅಡಿಗೆಮನೆಗೂ ಕೇಳುತ್ತಿತ್ತು.

"ಯಾವನೋ ಸಿನಿಮಾದೋನು ಸತ್ತ ದಿನಕ್ಕೆ ಮೊಮ್ಮಗನ ಮದುವೆ ಬೇಡ ಅಂತಾರಲ್ಲ," ಎಂದಳು ನೀರಜಾ. ಗಂಡ ನಗುತ್ತಾನೇನೋ ಎಂದು ತಿರುಗಿ ನೋಡಿದಳು. ಅವನು ನಗಲಿಲ್ಲ. "ಹೂಂ, ನಿಮ್ಮನ್ನ ಕೇಳ್ತಿದೀನಲ್ಲ. ಊರೆಲ್ಲ ಹುಡುಕಿ ನಿಮ್ಮ ಜಾತಿಯೋರನ್ನೇ ಬೀಗರು ಮಾಡ್ಕೊಂಡ್ವಿ."

"ತಪ್ಪು ನಂದು ನೀರಜಾ. ಡೇಟ್ ಫಿಕ್ಸ್ ಮಾಡೋಕೆ ಮುಂಚೆ ಅವರ ಹೀರೋ ತಿಥಿ ಯಾವಾಗ ಅಂತ ಕೇಳಬೇಕಿತ್ತು. ಅಧ್ಯಕ್ಷ ಆಗಿದ್ದೋನು ನಾನು, ನಾನೇ ಕೇಳಲಿಲ್ಲ."

ಮುಂದಿನ ಶನಿವಾರ ಮಗಳನ್ನು ಕರೆದುಕೊಂಡು ಮತ್ತೆ ನಾರ್ಕ್ರಾಸಿಗೆ ಹೋದ. ದಾರಿಯುದ್ದಕ್ಕೂ ಒಂದು ಯುಕ್ತಿಯನ್ನು ಹೊಸೆದುಕೊಂಡಿದ್ದ. ಅಜ್ಜಿಯ ಮುಂದೆ ಅದನ್ನೇ ಬಿಚ್ಚಿಟ್ಟ. ನಮ್ಮ ಕಡೆ ದೊಡ್ಡವರು ಹೋದ ದಿನ ಎಂದರೆ ಆರಾಧನೆ. ಮಂತ್ರಾಲಯದಲ್ಲಿ ನೋಡಬೇಕು, ಗುರುಗಳು ಬೃಂದಾವನ ಸೇರಿದ ದಿನಕ್ಕೆ ಮೂರು ದಿನ ಸಂಗೀತ, ಊಟ, ತೇರು. ಆದ್ದರಿಂದ ರೊಸೆಂದೊ ಹೋದ ದಿನ ಮದುವೆ ಮಾಡಿದರೆ ಅದೂ ಒಂದು ಆರಾಧನೆಯೇ. ತನ್ನ ವಾದಕ್ಕೆ ತಾನೇ ಮನಸ್ಸಿನಲ್ಲಿ ಶಿಳ್ಳೆ ಹಾಕಿಕೊಂಡ.

ಎಲ್ವಿರಾ ಎಲ್ಲ ಕೇಳಿಸಿಕೊಂಡಳು. ಆಮೇಲೆ ಮೊದಲ ಸಲ ಆ ಸಾವಿನ ಕಥೆ ಹೇಳಿದಳು.

ಅವಳಿಗೆ ಹನ್ನೊಂದು ವರ್ಷ. ಊರಿನ ಆಸ್ಪತ್ರೆ ಕಟ್ಟಿಸಲು ಹಣ ಎತ್ತುವುದಕ್ಕೆ ರೊಸೆಂದೊ ಊರ ಚೌಕದಲ್ಲಿ ಪುಕ್ಕಟೆ ಹಾಡಲು ಬಂದಿದ್ದ. ಅವಳು ಅಪ್ಪನ ಹೆಗಲ ಮೇಲೆ ಕೂತಿದ್ದಳು. ಕೊನೆಯ ಹಾಡು ಎಲ್ಲರೂ ಕಾದಿದ್ದ ಹಾಡು: ಬ್ರೆಡ್ಡು ಮಾರುವ ಹುಡುಗ ತನ್ನ ಹುಡುಗಿಗೆ, ಕಿಟಕಿ ತೆರೆದಿಡು, ಬಿಸಿ ಆರುವ ಮುಂಚೆ ಬರುತ್ತೇನೆ ಎನ್ನುವ ಹಾಡು. ಕೊನೆಯ ಚರಣ ಮುಗಿಯಿತು. ಪಲ್ಲವಿ ಬರಬೇಕು. ರೊಸೆಂದೊ ಎದೆಯ ಮೇಲೆ ಕೈಯಿಟ್ಟು, ನಕ್ಕು, "ಒಂದು ನಿಮಿಷ, ಬಂದೆ," ಎಂದು ಮೆಟ್ಟಿಲ ಮೇಲೆ ಕೂತ. ಜನ ನಟನೆ ಎಂದುಕೊಂಡು ಚಪ್ಪಾಳೆ ತಟ್ಟಿದರು. ಚಪ್ಪಾಳೆ ನಿಂತಿತು. ಅವನು ಏಳಲಿಲ್ಲ.

"ಅಜ್ಜಿ ಏನು ಹೇಳ್ತಾರೆ ಅಂದ್ರೆ," ನಿಧಿ ನಿಧಾನವಾಗಿ ಪದ ಹುಡುಕಿದಳು, "ನಿಮ್ಮ ಗಾಡ್ ಪಾರ್ಟಿ ಮಾಡಿ ಅಂತ ಹೇಳಿರಬಹುದು. ನಮ್ಮ ರೊಸೆಂದೊ ವೇಯ್ಟ್ ಮಾಡಿ ಅಂತ ಹೇಳಿದ. ನಾನು ವೇಯ್ಟ್ ಮಾಡ್ತಾ ಇದೀನಿ. ಅವನು ಬರೋ ತನಕ ಆ ದಿನ ಬೇರೆಯವರ ಹಾಡು ಬೇಡ."

ಮಂತ್ರಾಲಯದ ಯುಕ್ತಿ ಮಣ್ಣುಮುಕ್ಕಿತು. ವೇಣುಗೋಪಾಲ ಎದ್ದು, ಫೋಟೋಗೆ ಕೈಮುಗಿದು, ಮನೆಗೆ ಬಂದ. ವಾದ ಸೋತದ್ದಕ್ಕೆ ಅವನಿಗೆ ಬೇಸರವಿರಲಿಲ್ಲ. ಆ ಮುದುಕಿಯ ನಿಷ್ಠೆ ಕಂಡು ಹೊಟ್ಟೆಕಿಚ್ಚಾಗಿತ್ತು. ತಾನಾದರೋ ದೇಶ ಬಿಟ್ಟ ಮೇಲೆ ತನ್ನ ಹೀರೋನ ಹುಟ್ಟುಹಬ್ಬಕ್ಕೆ ವಾಟ್ಸಪ್ಪಿನಲ್ಲಿ ಒಂದು ಹಾರದ ಚಿತ್ರ ಹಾಕಿ ಕೈತೊಳೆದುಕೊಳ್ಳುತ್ತಿದ್ದ.

ಅಂದಿನಿಂದ ಆಫೀಸಿಗೆ ಹೋಗಿಬರುವ ಕಾರಿನಲ್ಲಿ ರೊಸೆಂದೊ ಹಾಡತೊಡಗಿದ. ಕಿಟಕಿಯ ಹಾಡನ್ನು ವೇಣುಗೋಪಾಲ ಕನ್ನಡ ಅಕ್ಷರಗಳಲ್ಲಿ ಬರೆದುಕೊಂಡು, ಟ್ರಾಫಿಕ್ಕಿನಲ್ಲಿ ನಿಂತಾಗಲೆಲ್ಲ ನೋಡಿ ಹೇಳಿಕೊಂಡ. ಪಕ್ಕದ ಕಾರಿನವರು ತಿರುಗಿ ನೋಡಿದರೆ ಗಾಜು ಏರಿಸಿಕೊಂಡ. ಸಿನಿಮಾದಲ್ಲಿದ್ದ ಹಾಡು ಬಾಯಿಪಾಠವಾದ ಮೇಲೆ, ಅಭಿಮಾನಿಗಳಿಗೆ ಇರುವ ಚಾಳಿಯಂತೆ, ಅದೇ ಹಾಡನ್ನು ರೊಸೆಂದೊ ಬೇರೆ ಬೇರೆ ಊರುಗಳ ವೇದಿಕೆಯಲ್ಲಿ ಹಾಡಿದ್ದರ ಹಳೆಯ ರೇಡಿಯೊ ಧ್ವನಿಮುದ್ರಣಗಳನ್ನು ಹುಡುಕಿದ. ಒಂದು ಸಿಕ್ಕಿತು, ಇನ್ನೊಂದು ಸಿಕ್ಕಿತು. ನಾಲ್ಕನೆಯದನ್ನು ಕೇಳುತ್ತಿದ್ದವನು ಕಾರನ್ನು ರಸ್ತೆಯ ಬದಿಗೆ ತಂದು ನಿಲ್ಲಿಸಿ, ಮತ್ತೆ ಮೊದಲಿನಿಂದ ನಾಲ್ಕನ್ನೂ ಕೇಳಿದ. ತಪ್ಪು ಹುಡುಕುವುದೇ ಉದ್ಯೋಗವಾದವನಿಗೆ ಅಂದು ಸಿಕ್ಕಿದ್ದು ತಪ್ಪಲ್ಲ, ಅದಕ್ಕಿಂತ ದೊಡ್ಡದು.

ಮನೆಗೆ ಬಂದವನೇ ನೀರಜಾಳ ಕಿವಿಗೆ ಹೆಡ್‌ಫೋನ್ ಹಾಕಿ ಕೇಳಿಸಿದ. ಅವಳು ಕೇಳಿದಳು. ಸೌಟು ಕೆಳಗಿಟ್ಟು ಇನ್ನೊಮ್ಮೆ ಕೇಳಿದಳು.

"ಇದನ್ನ ಅವರಿಗೆ ಹೇಳಿ," ಎಂದಳು. "ಆದ್ರೆ ಹುಷಾರು. ಅರವತ್ತು ವರ್ಷದ ಗಾಯ ಅದು."

ಮತ್ತೆ ನಾರ್ಕ್ರಾಸ್. ಈ ಸಲ ವೇಣುಗೋಪಾಲ ಮಂತ್ರಾಲಯದ ಸುದ್ದಿ ಎತ್ತಲಿಲ್ಲ. ಅಜ್ಜಿ ಆ ಹಾಡನ್ನು ಆಮೇಲೆ ಯಾವತ್ತಾದರೂ ಕೇಳಿದ್ದಾರೆಯೇ ಎಂದು ಕೇಳಿದ. ಇಲ್ಲ, ಅದೊಂದನ್ನು ಬಿಟ್ಟು ಉಳಿದದ್ದೆಲ್ಲ ಕೇಳುತ್ತೇನೆ ಎಂದಳು. ಅವನು ಫೋನನ್ನು ಮೇಜಿನ ಮೇಲಿಟ್ಟು ಒಂದು ಧ್ವನಿಮುದ್ರಣ ಹಾಕಿದ. ಎಲ್ವಿರಾಳ ಮುಖ ಬಿಗಿಯಿತು. ಕೊನೆಯ ಚರಣ ಮುಗಿಯಿತು, ರೊಸೆಂದೊ ಸುಮ್ಮನಾದ. ಆಗ ಸಾವಿರಾರು ಜನರ ದನಿ ಎದ್ದು ಪಲ್ಲವಿಯನ್ನು ಹಾಡಿ ಮುಗಿಸಿತು. ಎರಡನೆಯ ಊರಿನದು ಹಾಕಿದ. ಅಲ್ಲೂ ಹಾಗೆಯೇ.

"ನಿಧಿ, ಒಂದೊಂದು ಮಾತೂ ಸರಿಯಾಗಿ ಹೇಳು," ಎಂದ. "ಕೊನೇ ಪಲ್ಲವಿ ಅವರು ಯಾವ ಊರಲ್ಲೂ ಹಾಡಿಲ್ಲ. ಸಿನಿಮಾದಲ್ಲಿ ಮಾತ್ರ ಹಾಡಿದಾರೆ. ಸ್ಟೇಜ್ ಮೇಲೆ ಅದನ್ನ ಜನಕ್ಕೇ ಬಿಡ್ತಿದ್ರು. ನಮ್ಮ ಹೀರೋನೂ ಹಾಗೇ ಮಾಡೋರು. ಮೈಕ್ ನಮ್ಮ ಕಡೆ ತಿರುಗಿಸಿದ್ರೆ ಅದು ನಮ್ಮ ಪಾಲು, ನಾವೇ ಹಾಡಬೇಕು. ಅವತ್ತು ನಿಮ್ಮೂರಲ್ಲೂ ಅವರು ತಮ್ಮ ಪಾಲು ಪೂರ್ತಿ ಹಾಡಿದ್ರು. ಒಂದಕ್ಷರ ಬಾಕಿ ಇಟ್ಟಿಲ್ಲ. ಅವರು ಮೆಟ್ಟಿಲ ಮೇಲೆ ಕೂತಿದ್ದು ನೋಡಿ ಊರೋರು ಹಾಡೋದು ಬಿಟ್ಟು ಚಪ್ಪಾಳೆ ತಟ್ಟಿಬಿಟ್ರು, ಅಷ್ಟೇ." ಅವನು ಅಜ್ಜಿಯ ಕಡೆ ತಿರುಗಿದ. "ಅಮ್ಮಾ, ನೀವು ಅವರಿಗೋಸ್ಕರ ಕಾಯ್ತಿದೀರಿ. ಅವರು ನಿಮಗೋಸ್ಕರ ಕಾಯ್ತಿದ್ರೆ?"

ನಿಧಿ ಹೇಳಿ ಮುಗಿಸಿದಳು. ಎಲ್ವಿರಾ ಎದ್ದು ಅಡಿಗೆಮನೆಗೆ ಹೋದಳು. ನಲ್ಲಿ ತೆರೆದ ಸದ್ದು ಬಂತು, ಬಹಳ ಹೊತ್ತು ನೀರು ಹರಿಯಿತು. ಮಾತೆಯೊ ಹೋಗಿ ನೋಡಿ ಬಂದು, ಇವತ್ತು ಇಷ್ಟು ಸಾಕು ಎಂದ. ಹೊರಡುವ ಮುಂಚೆ ವೇಣುಗೋಪಾಲ ಬಾಗಿಲಲ್ಲಿ ನಿಂತು ಒಂದು ಮಾತು ಮಾತ್ರ ಕೊಟ್ಟು ಬಂದ: ನೀವು ಬರುವ ತನಕ ನಮ್ಮ ಮಂಟಪದಲ್ಲಿ ಒಂದು ವಾದ್ಯವೂ ನುಡಿಯುವುದಿಲ್ಲ.

ಮುಂದಿನ ವಾರಗಳಲ್ಲಿ ಅಜ್ಜಿ ಬರುತ್ತೇನೆ ಎನ್ನಲೂ ಇಲ್ಲ, ಬರುವುದಿಲ್ಲ ಎನ್ನಲೂ ಇಲ್ಲ. ವೇಣುಗೋಪಾಲ ಮಾತ್ರ ಬೋರ್ಡು ಬರೆಯುವ ಅಂಗಡಿಯೊಂದಕ್ಕೆ ಹೋಗಿ, ಅವರಿಗೆ ತಿಳಿಯದ ಕೆಲಸವನ್ನು ಅರ್ಧ ದಿನ ತಿಳಿಸಿ ಬಂದ.

ಮೇ ಹದಿನೆಂಟರ ಬೆಳಗ್ಗೆ ಸುವಾನಿಯ ಆ ಮದುವೆ ಹಾಲ್‌ನ ಪಾರ್ಕಿಂಗ್ ಲಾಟಿನಲ್ಲಿ ರೊಸೆಂದೊ ಮೊಂತಾಲ್ವೊ ಎರಡಾಳೆತ್ತರ ನಿಂತಿದ್ದ. ಅದೇ ಟೋಪಿ, ಅದೇ ಮೀಸೆ, ಕೈಯಲ್ಲಿ ಗಿಟಾರು. ಕನ್ನಡ ಸಂಘದ ಯಶವಂತ್ ಮತ್ತು ಪ್ರತಾಪ್ ಹಗ್ಗ ಹಿಡಿದು ಚೆಂಡುಹೂವಿನ ಹಾರ ಏರಿಸುತ್ತಿದ್ದರು.

"ಯಾರು ಅಂಕಲ್ ಇವರು?" ಎಂದ ಯಶವಂತ್.

"ಗಂಡಿನ ಕಡೆ ಹೀರೋ. ಎಡಗಡೆ ಇಳಿಬಿಡು, ಹಾರ ಮೀಸೆಗೆ ಅಡ್ಡ ಬರ್ತಿದೆ."

ನೀರಜಾ ರೇಷ್ಮೆ ಸೀರೆಯ ನೆರಿಗೆ ಹಿಡಿದುಕೊಂಡು ಹೊರಗೆ ಬಂದು ಕಟೌಟನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. "ಹಾರ ಆಯ್ತು, ಬೂದುಗುಂಬಳ ಆಯ್ತು. ಹಾಲು ಸುರಿದ್ರೆ ಮಾತ್ರ ನಾನು ಧಾರೆಗೆ ಬರಲ್ಲ." ಗಂಡ ಹಾಲಿನ ಗ್ಯಾಲನ್ ಕ್ಯಾನನ್ನು ಕಾಲಿನಿಂದ ಕಾರಿನ ಕೆಳಗೆ ತಳ್ಳಿದ.

ಒಳಗೆ ಎಂಥ ಮದುವೆ ಎಂದರೆ, ವಾದ್ಯವೇ ಇಲ್ಲದ ಮದುವೆ. ದೇವಸ್ಥಾನದಿಂದ ಬಂದ ನಾದಸ್ವರದವರು ಒಂದು ಮೂಲೆಯಲ್ಲಿ, ಗಂಡಿನ ಕಡೆಯ ಅಗಲ ಟೋಪಿಯ ವಾದ್ಯದವರು ಇನ್ನೊಂದು ಮೂಲೆಯಲ್ಲಿ, ಕೈಕಟ್ಟಿ ಕೂತಿದ್ದರು. ನೀರಜಾಳ ತಾಯಿ, ಇದೇನು ಮದುವೆಯೋ ಪರೀಕ್ಷೆ ಹಾಲೋ ಎಂದು ಎರಡು ಸಲ ಕೇಳಿದರು. ಭಟ್ಟರು ಮೆಲುದನಿಯಲ್ಲಿ ಮಂತ್ರ ಹೇಳುತ್ತ ಬಂದು, ಅಂತರ್ಪಟ ಹಿಡಿಸಿದರು. ಬಟ್ಟೆಯ ಆ ಕಡೆ ನಿಧಿ, ಈ ಕಡೆ ಮಾತೆಯೊ, ಇಬ್ಬರ ಅಂಗೈಯಲ್ಲೂ ಜೀರಿಗೆ ಬೆಲ್ಲ. ಮಾತೆಯೊನ ಕಣ್ಣು ಬಾಗಿಲಿನಲ್ಲೇ ಇತ್ತು.

"ಮುಹೂರ್ತ ಮೀರೋಕೆ ಇನ್ನು ಹದಿನೈದು ನಿಮಿಷ ಇದೆ, ವೇಣುಗೋಪಾಲ್," ಎಂದರು ಭಟ್ಟರು.

"ಒಂದು ನಿಮಿಷ ಭಟ್ಟರೇ, ಬಂದೆ," ಎಂದು ಹೊರಗೆ ಹೊರಟವನಿಗೆ ತಾನು ಯಾರ ಮಾತು ಆಡಿದೆ ಎಂಬುದು ಬಾಗಿಲು ದಾಟುವಾಗ ಹೊಳೆಯಿತು.

ಲಾಟಿನ ಕೊನೆಯಲ್ಲಿ ಒಂದು ಪಿಕಪ್ ಟ್ರಕ್ಕು ನಿಂತಿತ್ತು. ಮಾತೆಯೊನ ಅಪ್ಪ ಸ್ಟೀರಿಂಗ್ ಹಿಡಿದು ಕೂತಿದ್ದ, ಪಕ್ಕದಲ್ಲಿ ಕಪ್ಪು ಶಾಲು ಹೊದ್ದ ಎಲ್ವಿರಾ. ಗಾಜು ಇಳಿದಿತ್ತು. ಅವಳು ಕಟೌಟನ್ನೇ ನೋಡುತ್ತಿದ್ದಳು. ಬಾಗಿಲು ತೆರೆಯಲು ಅವಳ ಕೈ ಏಳುತ್ತಿರಲಿಲ್ಲ. ಎಷ್ಟು ಹೊತ್ತಿನಿಂದ ಹಾಗೆ ಕೂತಿದ್ದಳೋ.

ವೇಣುಗೋಪಾಲ ಹತ್ತಿರ ಹೋಗಿ ಕರೆಯಲಿಲ್ಲ. ಕಟೌಟಿನ ಕಾಲ ಬುಡದಲ್ಲಿ ನಿಂತು, ಜುಬ್ಬಾದ ಜೇಬಿನಿಂದ ಕನ್ನಡದಲ್ಲಿ ಬರೆದ ಸ್ಪ್ಯಾನಿಷ್ ಹಾಡಿನ ಚೀಟಿ ತೆಗೆದ. ಅವನ ಶಾರೀರದ ಬಗ್ಗೆ ಸುಳ್ಳು ಹೇಳಬಾರದು, ಕುಕ್ಕರ್ ಅದಕ್ಕಿಂತ ಶ್ರುತಿಯಲ್ಲಿ ಕೂಗುತ್ತದೆ. ಆದರೂ ಹಾಡಿದ. ಒಂದು ಪಲ್ಲವಿ, ಒಂದು ಚರಣ, ಮತ್ತೊಂದು. ಉಚ್ಚಾರ ಮೈಸೂರಿನಿಂದ ಮಂಡ್ಯದ ಮೇಲೆ ಮೆಕ್ಸಿಕೊಗೆ ಹೋಗಿತ್ತು. ಹಾಲ್‌ನ ಬಾಗಿಲಲ್ಲಿ ಜನ ಸೇರಿದರು. ಕೊನೆಯ ಚರಣ ಮುಗಿಯಿತು. ಅವನು ಚೀಟಿ ಮಡಚಿ, ಎದೆಯ ಮೇಲೆ ಕೈಯಿಟ್ಟು, ಬಾಯಿ ಮುಚ್ಚಿ ನಿಂತ.

ಹಾರದ ಹಗ್ಗ ಗಾಳಿಗೆ ಮರಕ್ಕೆ ತಾಗುವ ಸದ್ದು ಮಾತ್ರ ಕೇಳುತ್ತಿತ್ತು. ಇದೂ ಕೈಕೊಟ್ಟರೆ ಮಗಳಿಗೆ ಏನು ಮುಖ ತೋರಿಸಲಿ ಎಂದು ವೇಣುಗೋಪಾಲ ಕಣ್ಣು ಮುಚ್ಚಿಕೊಂಡ.

ಆಗ ಟ್ರಕ್ಕಿನ ಕಿಟಕಿಯಿಂದ ಒಂದು ಸಣ್ಣ ದನಿ ಬಂತು. ಮುದುಕಿಯ ದನಿ, ಆದರೆ ಅದರಲ್ಲಿ ಅಪ್ಪನ ಹೆಗಲ ಮೇಲೆ ಕೂತ ಹುಡುಗಿ ಇದ್ದಳು. ಕಿಟಕಿ ತೆರೆದಿಡು ಎಂಬ ಮೊದಲ ಸಾಲು ನಡುಗುತ್ತ ಬಂತು. ಎರಡನೆಯ ಸಾಲಿಗೆ ಅವಳ ಮಗ ದನಿಗೂಡಿಸಿದ. ಮೂರನೆಯದಕ್ಕೆ ಬಾಗಿಲಲ್ಲಿದ್ದ ಗಂಡಿನ ಕಡೆಯವರೆಲ್ಲ ಹಾಡಿದರು, ಅಗಲ ಟೋಪಿಯವರು ಗಿಟಾರು ಎತ್ತಿಕೊಂಡರು, ಏನೂ ಅರ್ಥವಾಗದ ನಾದಸ್ವರದವರು ಕೂಡ ಶ್ರುತಿ ಹಿಡಿದರು. ಪಲ್ಲವಿ ಮುಗಿಯಿತು. ಪೂರ್ತಿ ಮುಗಿಯಿತು.

ಎಲ್ವಿರಾ ಬಾಗಿಲು ತೆರೆದು ಇಳಿದಳು. ಕಪ್ಪು ಶಾಲನ್ನು ತೆಗೆದು ಸೀಟಿನ ಮೇಲಿಟ್ಟಳು. ಒಳಗೆ ನೀರಜಾ ಕೊಟ್ಟ ಗಿಳಿಹಸಿರು ಸೀರೆ ಇತ್ತು, ಯಾರೋ ಅಂತರ್ಜಾಲ ನೋಡಿ ಉಡಿಸಿದ್ದು, ನೆರಿಗೆಯೆಲ್ಲ ಬೆನ್ನ ಕಡೆಗಿತ್ತು. ನೀರಜಾ ಓಡಿಹೋಗಿ ಅವಳ ಸೊಂಟ ಬಳಸಿಕೊಂಡು, ಅಳುತ್ತ, ನಡೆಯುತ್ತಲೇ ನೆರಿಗೆ ಸರಿಮಾಡಿದಳು. ಒಳಗಿನಿಂದ ಭಟ್ಟರು, "ಗಟ್ಟಿಮೇಳ, ಗಟ್ಟಿಮೇಳ," ಎಂದು ಕೂಗಿದರು. ಬೆಳಗಿನಿಂದ ಕಟ್ಟಿಟ್ಟ ಡೋಲು ಒಮ್ಮೆಲೇ ಬಿಚ್ಚಿಕೊಂಡಿತು. ಅಂತರ್ಪಟ ಸರಿಯಿತು. ಮಾತೆಯೊನ ಅಂಗೈಯ ಬೆಲ್ಲ ಅಷ್ಟರಲ್ಲಿ ಕರಗಿ ಪಾಕವಾಗಿತ್ತು. ಅವನು ಅದನ್ನೇ ನಿಧಿಯ ತಲೆಯ ಮೇಲೆ ಇಟ್ಟ. ಅದನ್ನು ತೊಳೆಯಲು ಅವಳಿಗೆ ಎರಡು ದಿನ ಹಿಡಿಯಿತೆಂದು ಆಮೇಲೆ ಕೇಳಿದೆವು.

ಊಟ ಮುಗಿದು, ಬಿಸಿಲು ಇಳಿದು, ಜನ ಕರಗತೊಡಗಿದಾಗ ಎಲ್ವಿರಾ ಟ್ರಕ್ಕಿನ ಕಡೆ ಹೋಗದೆ ಕಟೌಟಿನ ಹತ್ತಿರ ಹೋದಳು. ಎರಡೂ ಕೈಯಿಂದ ರೊಸೆಂದೊನ ಬೂಟು ಹಿಡಿದು, ತಲೆ ಎತ್ತಿ, ಏನೋ ಹೇಳಿದಳು. ಕೈಯಲ್ಲಿದ್ದ ಹೋಳಿಗೆಯನ್ನು ಅವನ ಪಾದದ ಬಳಿ ಇಟ್ಟಳು.

"ಏನಂದ್ರು?" ಎಂದು ವೇಣುಗೋಪಾಲ ಮಗಳನ್ನು ಕೇಳಿದ.

ನಿಧಿ ಕೂದಲಲ್ಲಿ ಬೆಲ್ಲ, ಕಣ್ಣಲ್ಲಿ ನೀರು ತುಂಬಿಕೊಂಡು ನಿಂತಿದ್ದಳು. "ತುಂಬಾ ವೇಯ್ಟ್ ಮಾಡಿಸಿಬಿಟ್ವಿ, ಸಾರಿ ಅಂತ."

ವೇಣುಗೋಪಾಲ ಕಟೌಟಿನ ಹಿಂದಕ್ಕೆ ಹೋಗಿ, ಮರದ ಆಸರೆಗೆ ಹಣೆ ಆನಿಸಿ, ಬಿಕ್ಕಿ ಬಿಕ್ಕಿ ಅತ್ತ. ನೀರಜಾ ಹುಡುಕಿಕೊಂಡು ಬಂದು ಸೆರಗು ಮುಂದೆ ಹಿಡಿದಳು.

"ಮಗಳನ್ನ ಧಾರೆ ಎರೆಯುವಾಗ ಒಂದು ಹನಿ ಬರಲಿಲ್ಲ," ಎಂದಳು. "ಒರೆಸ್ಕೊಳ್ಳಿ. ಆ ಹಾಲಿನ ಗ್ಯಾಲನ್ ಕಾರಿನ ಕೆಳಗೇ ಇದೆ. ಯಾರೂ ನೋಡ್ತಿಲ್ಲ, ಒಂದು ಲೋಟ ಸುರಿದು ಬನ್ನಿ."